ಪ್ರಶ್ನೆ ಇಲ್ಲದೆ ರೊಕ್ಕ ಇಲ್ಲ: ಕೋಟಿ ಆಟದ ತೆರೆಮರೆಯ ಕಥೆ

ಅಕ್ಕಲಕೋಟ, ದಕ್ಷಿಣ ಸೊಲ್ಲಾಪುರ, ಜತ್ತ ಕಡೆಯ ಹಳ್ಳಿಗಳಲ್ಲಿ ಈ ಸಂದೇಶ ನೋಡದವರು ಕಡಿಮೆ. ವಾಟ್ಸಾಪಿಗೆ ಒಂದು ಚಿತ್ರ ಬರುತ್ತದೆ. ಅದರಲ್ಲಿ ಅಮಿತಾಭ್ ಬಚ್ಚನ್ ಕೈಮುಗಿದು ನಿಂತಿರುತ್ತಾರೆ, ಪಕ್ಕದಲ್ಲಿ ನೋಟಿನ ಕಂತೆ, ಕೆಳಗೆ ಒಂದು ಠಸ್ಸೆ. ಜೊತೆಗೆ ಹಿಂದಿಯಲ್ಲಿ ಒಂದು ಧ್ವನಿ: ನಿಮ್ಮ ಸಿಮ್ ನಂಬರಿಗೆ ಕೆಬಿಸಿಯ 25 ಲಕ್ಷ ರೂಪಾಯಿ ಲಾಟರಿ ಹತ್ತಿದೆ, ಈ ಕೂಡಲೇ ಬ್ಯಾಂಕ್ ಮ್ಯಾನೇಜರ್ ಸಾಹೇಬರಿಗೆ ಫೋನ್ ಮಾಡಿ.

ಫೋನ್ ಮಾಡಿದವರ ಪಾಡು ಏನಾಯಿತು ಎಂಬುದನ್ನು ಕೊನೆಗೆ ನೋಡೋಣ. ಅದಕ್ಕಿಂತ ಮೊದಲು ತಿಳಿದುಕೊಳ್ಳಬೇಕಾದ ಮಾತು ಬೇರೆ ಇದೆ. ಈ ಕೋಟಿ ಆಟ ಹುಟ್ಟಿದ್ದು ಎಲ್ಲಿ, ಅದು ನಡೆಯುವುದು ಹೇಗೆ, ರೊಕ್ಕ ಬರುವುದು ಎಲ್ಲಿಂದ, ಗೆದ್ದವರ ಕೈಗೆ ಸೇರುವುದು ಎಷ್ಟು? ಇಷ್ಟು ಗೊತ್ತಿದ್ದರೆ ಆ ಸಂದೇಶ ಸುಳ್ಳು ಎಂದು ಹೇಳಲು ಪೊಲೀಸರೇ ಬೇಕಾಗಿಲ್ಲ. ಕಥೆಯೂ ಸ್ವಾರಸ್ಯದ್ದೇ.

ಲಂಡನ್ನಿನಲ್ಲಿ ಹುಟ್ಟಿದ ಕೂಸು

'ಕೌನ್ ಬನೇಗಾ ಕರೋಡ್‌ಪತಿ' ನಮ್ಮ ದೇಶದ ಆಟ ಎಂದೇ ಬಹಳ ಮಂದಿ ತಿಳಿದಿದ್ದಾರೆ. ಅದರ ತವರು ಇಂಗ್ಲೆಂಡ್. ಅಲ್ಲಿನ ಐಟಿವಿ ವಾಹಿನಿಯಲ್ಲಿ 1998ರ ಸೆಪ್ಟೆಂಬರ್ 4ರಂದು 'ಹೂ ವಾಂಟ್ಸ್ ಟು ಬಿ ಎ ಮಿಲಿಯನೇರ್' ಎಂಬ ಹೆಸರಿನಲ್ಲಿ ಮೊದಲ ಕಂತು ಪ್ರಸಾರವಾಯಿತು. ಡೇವಿಡ್ ಬ್ರಿಗ್ಸ್, ಮೈಕ್ ವೈಟ್‌ಹಿಲ್, ಸ್ಟೀವ್ ನೈಟ್ ಎಂಬ ಮೂವರು ಸೇರಿ ಹೊಸೆದ ಆಟವಿದು. ತಯಾರಿಸಿದ್ದು ಸೆಲಡಾರ್ ಎಂಬ ಕಂಪನಿ, ನಡೆಸಿಕೊಟ್ಟವರು ಕ್ರಿಸ್ ಟ್ಯಾರಂಟ್. ಬ್ರಿಗ್ಸ್ ಅವರು ಮೊದಲು ರೇಡಿಯೋದಲ್ಲಿ ಇದೇ ಟ್ಯಾರಂಟ್ ಅವರ ಕಾರ್ಯಕ್ರಮಕ್ಕೆ ಸಣ್ಣಪುಟ್ಟ ಸ್ಪರ್ಧೆಗಳನ್ನು ಕಟ್ಟಿಕೊಡುತ್ತಿದ್ದವರು.

ಮೊದಲು ಇಟ್ಟಿದ್ದ ಹೆಸರು 'ಕ್ಯಾಶ್ ಮೌಂಟನ್', ಅಂದರೆ ಹಣದ ಗುಡ್ಡ. ಆಮೇಲೆ 1956ರ 'ಹೈ ಸೊಸೈಟಿ' ಚಿತ್ರದ ಒಂದು ಹಾಡಿನ ಸಾಲು ಹಿಡಿದು ಈಗಿನ ಹೆಸರು ಇಟ್ಟರು.

ಇಷ್ಟು ದೊಡ್ಡ ಬಹುಮಾನಕ್ಕೆ ರೊಕ್ಕ ಎಲ್ಲಿಂದ? ಇಲ್ಲೇ ಇದೆ ಜಾಣತನ. ಆಟಕ್ಕೆ ಸೇರಬೇಕೆನ್ನುವವರು ಫೋನ್ ಮಾಡಬೇಕು, ಆ ಕರೆಗೆ ಮಾಮೂಲಿಗಿಂತ ಹೆಚ್ಚು ದರ. ಲಕ್ಷಗಟ್ಟಲೆ ಜನ ಮಾಡಿದ ಕರೆಗಳಿಂದ ಬಂದ ಹಣವೇ ಗೆದ್ದವರಿಗೆ ಬಹುಮಾನವಾಗುತ್ತಿತ್ತು. ಊರ ಜಾತ್ರೆಗೆ ಮನೆಗೊಂದು ಪಟ್ಟಿ ಎತ್ತಿ ಕುಸ್ತಿ ಗೆದ್ದವನಿಗೆ ಬೆಳ್ಳಿ ಕಡಗ ತೊಡಿಸುತ್ತೇವಲ್ಲ, ಲೆಕ್ಕ ಅದೇ. ಆಕಾಶದಿಂದ ರೊಕ್ಕ ಬೀಳುವುದಿಲ್ಲ. ಯಾರೋ ಕೊಟ್ಟದ್ದೇ ಇನ್ಯಾರಿಗೋ ಹೋಗುತ್ತದೆ.

ಎದೆ ಬಡಿತದ ಸಂಗೀತ

ಈ ಆಟ ನೋಡುವಾಗ ಮನೆಯಲ್ಲಿ ಕುಳಿತವರಿಗೂ ಗಂಟಲು ಒಣಗುವುದು ಯಾಕೆ? ಅದು ತಾನಾಗಿ ಆಗುವುದಲ್ಲ, ಹಾಗೆ ಆಗಲೆಂದೇ ಮಾಡಿಟ್ಟದ್ದು.

ಮೊದಲು ಮಾಡಿಸಿದ ಸಂಗೀತ ನಿರ್ಮಾಪಕರಿಗೆ ಹಿಡಿಸಲಿಲ್ಲ. ಅದನ್ನು ಬದಿಗಿಟ್ಟು ಕೀತ್ ಸ್ಟ್ರಾಕನ್ ಮತ್ತು ಅವರ ಮಗ ಮ್ಯಾಥ್ಯೂ ಅವರಿಂದ ಹೊಸದಾಗಿ ಮಾಡಿಸಿದರು. ಅಪ್ಪ-ಮಗ ಹೆಣೆದ ಈ ಸಂಗೀತ ಆಟದುದ್ದಕ್ಕೂ ಹಿಂದೆ ಗುನುಗುಡುತ್ತಲೇ ಇರುತ್ತದೆ. ದೊಡ್ಡ ಮೊತ್ತದ ಪ್ರಶ್ನೆಗಳಲ್ಲಿ ಪ್ರಶ್ನೆಯಿಂದ ಪ್ರಶ್ನೆಗೆ ಸ್ವರ ಅರ್ಧ ಮೆಟ್ಟಿಲು ಮೇಲೇರುತ್ತದೆ. ಹಾರ್ಮೋನಿಯಂ ನುಡಿಸುವವರಿಗೆ ಇದು ಕೂಡಲೇ ತಿಳಿಯುತ್ತದೆ: ಬಿಳಿ ಮನೆಯಿಂದ ಪಕ್ಕದ ಕರಿ ಮನೆಗೆ ಹೋದಂತೆ. ಕಿವಿಗೆ ಹೆಚ್ಚೇನೂ ಗೊತ್ತಾಗುವುದಿಲ್ಲ, ಎದೆಗೆ ಗೊತ್ತಾಗುತ್ತದೆ.

ರಂಗಸಜ್ಜಿಕೆ ಮಾಡಿದವರು ಆಂಡಿ ವಾಮ್ಸ್‌ಲಿ. ನಡುವೆ ಎರಡು ಎತ್ತರದ ಕುರ್ಚಿ, ಸುತ್ತ ದುಂಡಗೆ ಕುಳಿತ ಜನ, ಕಾಲಡಿ ಗಾಜಿನಂತೆ ಹೊಳೆಯುವ ನೆಲ. ಪ್ರಶ್ನೆ ಬಂತೆಂದರೆ ದೀಪಗಳು ಬಾಗಿ ಕೆಳಗಿಳಿಯುತ್ತವೆ, ಸುತ್ತ ಕತ್ತಲಾಗುತ್ತದೆ. ಕುರ್ಚಿಯಲ್ಲಿ ಕುಳಿತವನಿಗೆ ಜಗತ್ತಿನಲ್ಲಿ ತಾನೊಬ್ಬನೇ ಇದ್ದಂತೆ ಆಗಬೇಕು, ಅದೇ ಉದ್ದೇಶ. ಇದೇ ನಕ್ಷೆ, ಇದೇ ಸಂಗೀತ, ಇದೇ ದೀಪಗಳು 100ಕ್ಕೂ ಹೆಚ್ಚು ದೇಶಗಳಿಗೆ ಹೋದವು. ಲೈಸೆನ್ಸ್ ಪಡೆದವರು ಮನಬಂದಂತೆ ಬದಲಿಸುವ ಹಾಗಿರಲಿಲ್ಲ. ಬದಲಾಗುವುದು ಭಾಷೆ, ಪ್ರಶ್ನೆ ಮತ್ತು ಎದುರಿಗೆ ಕುಳಿತ ನಕ್ಷತ್ರ.

ಲಕ್ಷ ಇದ್ದದ್ದು ಕೋಟಿ ಆಯಿತು

ಭಾರತಕ್ಕೆ ಆಟ ಬಂದದ್ದು 2000ದಲ್ಲಿ. ಸ್ಟಾರ್ ಪ್ಲಸ್ ಆಗ ಪೈಪೋಟಿಯಲ್ಲಿ ಹಿಂದೆ ಬಿದ್ದಿತ್ತು. ಮೊದಲು ಯೋಚಿಸಿದ್ದು 'ಕೌನ್ ಬನೇಗಾ ಲಖ್‌ಪತಿ', ಬಹುಮಾನ ಒಂದು ಲಕ್ಷ. ಒಡೆಯ ರೂಪರ್ಟ್ ಮರ್ಡೋಕ್ ಅದನ್ನು ಕೇಳಿ, ಇಷ್ಟು ಸಣ್ಣ ಮೊತ್ತಕ್ಕೆ ಯಾರು ಬೆರಗಾಗುತ್ತಾರೆ ಎಂದು ಕೋಟಿಗೆ ಏರಿಸಿದರು ಎಂಬ ಕಥೆಯನ್ನು ಆಗ ವಾಹಿನಿಯಲ್ಲಿದ್ದವರು ಮುಂದೆ ಹೇಳಿಕೊಂಡಿದ್ದಾರೆ. ಲಕ್ಷ ಹೋಗಿ ಕೋಟಿ ಬಂದದ್ದರಿಂದಲೇ ದೇಶ ಕಣ್ಣರಳಿಸಿತು.

ಬಚ್ಚನ್ ಅವರಿಗೂ ಅದು ಕಷ್ಟದ ಕಾಲ. ಅವರ ಎಬಿಸಿಎಲ್ ಕಂಪನಿ ಮುಳುಗಿ ಕೋಟಿಗಟ್ಟಲೆ ಸಾಲ ತಲೆಯ ಮೇಲಿತ್ತು, ಚಿತ್ರಗಳೂ ಓಡುತ್ತಿರಲಿಲ್ಲ. ಸಿನಿಮಾದ ದೊಡ್ಡ ನಟ ಟಿವಿಗೆ ಬಂದರೆ ಬೆಲೆ ಕಡಿಮೆಯಾಗುತ್ತದೆ ಎಂದು ಜನ ನಂಬಿದ್ದ ದಿನಗಳವು. ಅವರು ಕೂಡಲೇ ಒಪ್ಪಲಿಲ್ಲ. ಲಂಡನ್ನಿಗೆ ಹೋಗಿ ಮೂಲ ಆಟದ ಚಿತ್ರೀಕರಣ ಕಣ್ಣಾರೆ ನೋಡಿದರು. ಅದೇ ಶಿಸ್ತಿನಲ್ಲಿ ಇಲ್ಲೂ ಮಾಡಬೇಕು ಎಂದು ಹೇಳಿ ಒಪ್ಪಿದರು. ಹಿಂದಿ ಆಟವನ್ನು ಕಟ್ಟಿದವರು ಸಿದ್ಧಾರ್ಥ ಬಸು. 1985ರಲ್ಲಿ ದೂರದರ್ಶನದ 'ಕ್ವಿಜ್ ಟೈಮ್' ನೋಡಿದ ಹಿರಿಯರಿಗೆ ಅವರ ಮುಖ ನೆನಪಿರಬಹುದು.

2000ದ ಜುಲೈ 3, ರಾತ್ರಿ 9 ಗಂಟೆ. ಮೊದಲ ಕಂತು ಬಂತು. ಅದೇ ರಾತ್ರಿ ಅದೇ ವಾಹಿನಿಯಲ್ಲಿ 'ಕ್ಯೋಂಕಿ ಸಾಸ್ ಭೀ ಕಭೀ ಬಹೂ ಥೀ' ಧಾರಾವಾಹಿಯೂ ಶುರುವಾಯಿತು. ಒಂದೇ ರಾತ್ರಿಯಲ್ಲಿ ಮನೆಯ ಗಂಡಸರಿಗೂ ಹೆಂಗಸರಿಗೂ ಟಿವಿ ಬಿಟ್ಟು ಏಳದಂತೆ ಮಾಡಿದ ವಾಹಿನಿ ಮೊದಲ ಸ್ಥಾನಕ್ಕೆ ನೆಗೆಯಿತು.

ಏಣಿಯ ಲೆಕ್ಕ

ಈಗ ಆಟದ ಹೊಟ್ಟೆಯೊಳಗೆ ಇಣುಕೋಣ. 2000ದಲ್ಲಿ 15 ಪ್ರಶ್ನೆಗಳಿದ್ದವು. ಮೊದಲ ಐದು 1 ಸಾವಿರದಿಂದ 10 ಸಾವಿರದವರೆಗೆ. ಅಲ್ಲಿಂದ 20, 40, 80 ಸಾವಿರ, 1.60 ಲಕ್ಷ, 3.20 ಲಕ್ಷ ಎಂದು ದುಪ್ಪಟ್ಟಾಗುತ್ತ ಹೋಗುತ್ತದೆ. ಕೊನೆಗೆ 6.40, 12.50, 25, 50 ಲಕ್ಷ ಮತ್ತು ಒಂದು ಕೋಟಿ. ಏಣಿಗೆ ಎರಡು ಗಟ್ಟಿ ಮೆಟ್ಟಿಲು: 10 ಸಾವಿರ ಮತ್ತು 3.20 ಲಕ್ಷ. ಅದನ್ನು ದಾಟಿದ ಮೇಲೆ ತಪ್ಪಿದರೂ ಅಷ್ಟು ಖಾತ್ರಿ.

ಇದರ ಚಮತ್ಕಾರ ಕೊನೆಯ ಪ್ರಶ್ನೆಯಲ್ಲಿ ಕಾಣುತ್ತದೆ. ನಿಮ್ಮ ಕೈಯಲ್ಲಿ 50 ಲಕ್ಷ ಇದೆ ಅಂದುಕೊಳ್ಳಿ. ಕೋಟಿಯ ಪ್ರಶ್ನೆ ಬಂತು. ಸರಿ ಹೇಳಿದರೆ 50 ಲಕ್ಷ ಹೆಚ್ಚು ಸಿಗುತ್ತದೆ. ತಪ್ಪಿದರೆ 3.20 ಲಕ್ಷಕ್ಕೆ ಬೀಳುತ್ತೀರಿ, ಅಂದರೆ 46.80 ಲಕ್ಷ ನಷ್ಟ. ಇದು ಇಲ್ಲವೇ ಅದು ಎಂದು ಎರಡು ಉತ್ತರಗಳ ನಡುವೆ ತೂಗಾಡುತ್ತಿದ್ದರೆ, ಕೋಟಿ ಮತ್ತು 3.20 ಲಕ್ಷದ ಸರಾಸರಿ 51.60 ಲಕ್ಷ. ಎದ್ದು ಹೋದರೆ ಖಾತ್ರಿಯಾದ 50 ಲಕ್ಷ. ನೋಡಿ, ತಕ್ಕಡಿ ಹೆಚ್ಚುಕಡಿಮೆ ಸಮ! ನಾಲ್ಕು ಉತ್ತರಗಳಲ್ಲಿ ಒಂದೂ ಗೊತ್ತಿಲ್ಲದೆ ಕಣ್ಣು ಮುಚ್ಚಿ ಹೇಳಿದರೆ ಸರಾಸರಿ 27.40 ಲಕ್ಷಕ್ಕೆ ಇಳಿಯುತ್ತದೆ. ಆಗ ಎದ್ದು ಬರುವುದೇ ಜಾಣತನ.

ಸಾಮಾನ್ಯ ಕ್ವಿಜ್‌ಗಳಲ್ಲಿ ಗೊತ್ತಿದ್ದರೆ ಅಂಕ, ಇಲ್ಲದಿದ್ದರೆ ಸೊನ್ನೆ. ಇಲ್ಲಿ ಪ್ರಶ್ನೆ ನೋಡಿದ ಮೇಲೂ ಬೇಡ ಎಂದು ಎದ್ದು ಹೋಗಬಹುದು. ನಾಲ್ಕು ಉತ್ತರ ಕಣ್ಣ ಮುಂದೆ ಇದ್ದೂ ಬಾಯಿ ಬಿಡಲು ಅಂಜಿಕೆ. ಪರೀಕ್ಷೆ ಬರೀ ಜ್ಞಾನದ್ದಲ್ಲ, ನನಗೆ ನಿಜವಾಗಿ ಎಷ್ಟು ಗೊತ್ತಿದೆ ಎಂದು ತನ್ನನ್ನೇ ಕೇಳಿಕೊಳ್ಳುವುದರದ್ದು.

ಬಚಾವಾಗುವ ಮೂರು ದಾರಿ

ಮೂಲ ಆಟದಲ್ಲಿ ಮೂರು ಲೈಫ್‌ಲೈನ್: ಎರಡು ತಪ್ಪು ಉತ್ತರ ಅಳಿಸುವ ಫಿಫ್ಟಿ-ಫಿಫ್ಟಿ, ಗೆಳೆಯನಿಗೆ ಫೋನ್, ಸಭಿಕರ ಮತ. ಯಾವುದು ಹೆಚ್ಚು ನಂಬಿಕೆಗೆ ಅರ್ಹ? ಅಮೆರಿಕದ ಲೇಖಕ ಜೇಮ್ಸ್ ಸುರೊವಿಕ್ಕಿ 2004ರ ತಮ್ಮ ಪುಸ್ತಕದಲ್ಲಿ ಅಲ್ಲಿನ ಆಟದ ಲೆಕ್ಕ ಕೊಟ್ಟಿದ್ದಾರೆ. ಫೋನಿನಲ್ಲಿ ಸಿಕ್ಕ ಬುದ್ಧಿವಂತ ಗೆಳೆಯರು ಸರಿ ಹೇಳಿದ್ದು ಸುಮಾರು ಶೇ. 65 ಸಲ. ಸುಮ್ಮನೆ ಆಟ ನೋಡಲು ಬಂದ ಸಭಿಕರ ಬಹುಮತ ಸರಿಯಾಗಿದ್ದು ಶೇ. 91 ಸಲ. ಒಂದು ಮಾತು ನೆನಪಿರಲಿ: ಸಭಿಕರನ್ನು ಸಾಮಾನ್ಯವಾಗಿ ಸುಲಭದ ಪ್ರಶ್ನೆಗೆ ಕೇಳುತ್ತಾರೆ, ಗೆಳೆಯನಿಗೆ ಕಷ್ಟದ ಹೊತ್ತಿನಲ್ಲೇ ಫೋನ್ ಹೋಗುತ್ತದೆ. ಆದರೂ ಹತ್ತು ಜನರ ಬಾಯಿ ಸುಳ್ಳಾಡುವುದು ಕಡಿಮೆ.

ಫೋನ್ ಲೈಫ್‌ಲೈನಿನ ದೊಡ್ಡ ತಮಾಷೆ ನಡೆದದ್ದು ಅಮೆರಿಕದಲ್ಲಿ. 1999ರ ನವೆಂಬರ್ 19ರಂದು ಜಾನ್ ಕಾರ್ಪೆಂಟರ್ ಎಂಬವರು ಒಂದೂ ಲೈಫ್‌ಲೈನ್ ಮುಟ್ಟದೆ ಹತ್ತು ಲಕ್ಷ ಡಾಲರಿನ ಪ್ರಶ್ನೆಗೆ ಬಂದರು. ಅಲ್ಲಿ ಅಪ್ಪನಿಗೆ ಫೋನ್ ಹಚ್ಚಿದರು. ಎಲ್ಲರೂ ಉಸಿರು ಬಿಗಿಹಿಡಿದರು. ಕಾರ್ಪೆಂಟರ್ ಅಪ್ಪನಿಗೆ ಹೇಳಿದ್ದು ಇಷ್ಟೇ: ನನಗೆ ಸಹಾಯ ಬೇಡ, ನಾನು ಗೆಲ್ಲುತ್ತಿದ್ದೇನೆ ಎಂದು ತಿಳಿಸಲು ಮಾಡಿದೆ. ಹೇಳಿದಂತೆಯೇ ಗೆದ್ದರು.

ಕೆಮ್ಮಿ ಕೆಟ್ಟ ಮೇಜರ್

ರೊಕ್ಕ ಇರುವಲ್ಲಿ ಕಳ್ಳದಾರಿಯೂ ಇರುತ್ತದೆ. 1950ರ ದಶಕದಲ್ಲೇ ಅಮೆರಿಕದ ಟಿವಿ ಕ್ವಿಜ್‌ಗಳಲ್ಲಿ ದೊಡ್ಡ ಹಗರಣ ಬಯಲಾಗಿತ್ತು. 'ಟ್ವೆಂಟಿ ಒನ್' ಎಂಬ ಆಟದಲ್ಲಿ ಗೆದ್ದು ಮನೆಮಾತಾಗಿದ್ದ ಚಾರ್ಲ್ಸ್ ವ್ಯಾನ್ ಡೋರೆನ್, ತನಗೆ ಉತ್ತರಗಳನ್ನು ಮೊದಲೇ ಹೇಳಿಕೊಟ್ಟಿದ್ದರು ಎಂದು 1959ರಲ್ಲಿ ಸಂಸತ್ತಿನ ಸಮಿತಿಯ ಮುಂದೆ ಒಪ್ಪಿಕೊಂಡ. ಮರುವರ್ಷ ಇಂಥ ಮೋಸವನ್ನು ಅಪರಾಧವೆಂದು ಕಾನೂನು ಬಂತು. ಅಲ್ಲಿ ಮೋಸ ಮಾಡಿದ್ದು ಆಟ ನಡೆಸುವವರು.

ಇಂಗ್ಲೆಂಡಿನಲ್ಲಿ ಸಂಗತಿ ಉಲ್ಟಾ. 2001ರ ಸೆಪ್ಟೆಂಬರಿನಲ್ಲಿ ಸೇನೆಯ ಮೇಜರ್ ಚಾರ್ಲ್ಸ್ ಇಂಗ್ರಾಂ ಕುರ್ಚಿಯಲ್ಲಿ ಕುಳಿತರು. ಮೊದಲ ದಿನ ಮುಗಿದಾಗ ಬರೀ 4 ಸಾವಿರ ಪೌಂಡ್, ಎರಡು ಲೈಫ್‌ಲೈನ್ ಖಾಲಿ. ಎರಡನೇ ದಿನ ಮಾತ್ರ ಹನುಮಂತನ ಜಿಗಿತ! ಪ್ರತಿ ಉತ್ತರವನ್ನೂ ಬಾಯಿಬಿಟ್ಟು ಓದುತ್ತಾರೆ, ಒಂದಕ್ಕೆ ವಾಲುತ್ತಾರೆ, ಮತ್ತೆ ಬದಲಿಸುತ್ತಾರೆ, ಕೊನೆಗೆ ಸರಿಯಾಗಿಯೇ ಹೇಳುತ್ತಾರೆ. ಒಂದರ ಮುಂದೆ ನೂರು ಸೊನ್ನೆ ಇರುವ ಸಂಖ್ಯೆಗೆ ಏನೆನ್ನುತ್ತಾರೆ ಎಂಬುದು ಕೊನೆಯ ಪ್ರಶ್ನೆ. 'ಗೂಗಲ್' ಎಂದು ಹೇಳಿ ಹತ್ತು ಲಕ್ಷ ಪೌಂಡ್ ಗೆದ್ದರು.

ಧ್ವನಿಮುದ್ರಣ ಕೇಳಿದವರಿಗೆ ಅನುಮಾನ ಬಂತು. ಸರಿ ಉತ್ತರ ಓದಿದಾಗೆಲ್ಲ ಹಿಂದೆ ಕುಳಿತಿದ್ದ ಇನ್ನೊಬ್ಬ ಸ್ಪರ್ಧಿ ಟೆಕ್ವೆನ್ ವಿಟಕ್ ಕೆಮ್ಮುತ್ತಿದ್ದರು. ಮೇಜರ್, ಅವರ ಹೆಂಡತಿ ಡಯಾನಾ ಮತ್ತು ವಿಟಕ್ ಮೂವರ ಮೇಲೂ ಮೊಕದ್ದಮೆ ನಡೆದು 2003ರಲ್ಲಿ ತಪ್ಪಿತಸ್ಥರೆಂದು ತೀರ್ಪಾಯಿತು. ತಾವು ಮೋಸ ಮಾಡಿಲ್ಲ ಎಂದೇ ದಂಪತಿ ಹೇಳುತ್ತ ಬಂದರು. ಬಹುಮಾನ ಮಾತ್ರ ಕೈಗೆ ಬರಲಿಲ್ಲ. ಈ ಕಥೆಯ ಮೇಲೆ ನಾಟಕ ಬಂತು, 2020ರಲ್ಲಿ 'ಕ್ವಿಜ್' ಎಂಬ ಟಿವಿ ಸರಣಿಯೂ ಬಂತು.

ಗಡಿಯ ಮನೆಗೆ ಎಲ್ಲ ಭಾಷೆಯಲ್ಲೂ ಬಂದ ಆಟ

ಹಿಂದಿಯಲ್ಲಿ ಗೆದ್ದ ಆಟ ದೇಶದ ಬೇರೆ ನುಡಿಗಳಿಗೂ ಇಳಿಯಿತು. ತಮಿಳಿನಲ್ಲಿ 2000ದಲ್ಲೇ ಸನ್ ಟಿವಿಯಲ್ಲಿ ಶರತ್‌ಕುಮಾರ್ 'ಕೋಡೀಶ್ವರನ್' ನಡೆಸಿದರು. 2011ರಲ್ಲಿ ಬಂಗಾಳಿಗೆ ಸೌರವ್ ಗಂಗೂಲಿ, ಭೋಜಪುರಿಗೆ ಶತ್ರುಘ್ನ ಸಿನ್ಹಾ ಬಂದರು. 2012ರಲ್ಲಿ ದಕ್ಷಿಣಕ್ಕೆ ಸುಗ್ಗಿ. ಮಲಯಾಳದಲ್ಲಿ ಸುರೇಶ್ ಗೋಪಿ, ತಮಿಳಿನಲ್ಲಿ ಸೂರ್ಯ, ಕನ್ನಡದಲ್ಲಿ ಪುನೀತ್ ರಾಜ್‌ಕುಮಾರ್. ತೆಲುಗಿಗೆ 2014ರಲ್ಲಿ ನಾಗಾರ್ಜುನ ಬಂದರು.

'ಕನ್ನಡದ ಕೋಟ್ಯಧಿಪತಿ' 2012ರ ಮಾರ್ಚ್ 12ರಂದು ಸುವರ್ಣ ವಾಹಿನಿಯಲ್ಲಿ ಶುರುವಾಯಿತು. ಸ್ಪರ್ಧಿಗಳ ಜೊತೆ ಮನೆಯ ಮಗನಂತೆ ಮಾತಾಡುತ್ತಿದ್ದ ಅಪ್ಪು ಅವರ ನಗು ಆ ಕಾರ್ಯಕ್ರಮದ ಜೀವ. 2018ರ ಆವೃತ್ತಿಯನ್ನು ರಮೇಶ್ ಅರವಿಂದ್ ನಡೆಸಿದರು. 2019ರಲ್ಲಿ ಕಲರ್ಸ್ ಕನ್ನಡಕ್ಕೆ ಆಟ ಹೋದಾಗ ಪುನೀತ್ ಮರಳಿದರು. 2021ರ ಅಕ್ಟೋಬರ್ 29ರಂದು ಅವರು ತೀರಿಕೊಂಡಾಗ ಗಡಿಯಾಚೆಯ ನಮ್ಮ ಊರುಗಳಲ್ಲೂ ಒಲೆ ಉರಿಸಲು ಮನಸ್ಸು ಬರಲಿಲ್ಲ.

ಮರಾಠಿಯಲ್ಲಿ 2013ರಲ್ಲಿ ಈಟಿವಿ ಮರಾಠಿಗೆ ಸಚಿನ್ ಖೇಡೇಕರ್ ನಡೆಸಿದರು. 2019ರಲ್ಲಿ ಸೋನಿ ಮರಾಠಿಯ 'ಕೋಣ್ ಹೋಣಾರ್ ಕರೋಡ್‌ಪತಿ' ಬಂದಾಗ ಕುರ್ಚಿಯಲ್ಲಿ ಕುಳಿತವರು ನಮ್ಮ ಜಿಲ್ಲೆಯವರೇ, ಕರಮಾಳಾ ತಾಲ್ಲೂಕಿನ ಜೇಊರಿನ ನಾಗರಾಜ ಮಂಜುಳೆ. 'ಸೈರಾಟ್' ತೆಗೆದ ನಿರ್ದೇಶಕ. ನಮ್ಮ ಸೀಮೆಯ ಒಬ್ಬ ಮನುಷ್ಯ ಆ ಕುರ್ಚಿಯಿಂದ ಪ್ರಶ್ನೆ ಕೇಳಿದ್ದು ಸಣ್ಣ ಸಂಗತಿಯಲ್ಲ.

ಸಂಜೆ ಮರಾಠಿಯಲ್ಲಿ, ರಾತ್ರಿ ಹಿಂದಿಯಲ್ಲಿ, ಮತ್ತೊಂದು ದಿನ ಕನ್ನಡದಲ್ಲಿ ಒಂದೇ ಆಟ ನೋಡುವ ಭಾಗ್ಯ ಗಡಿ ಮಂದಿಗೆ. ಗಮನಿಸಿದರೆ ಪ್ರಶ್ನೆಗಳೇ ಬೇರೆ. ಕನ್ನಡದಲ್ಲಿ ವಚನಕಾರರು, ರಾಜ್‌ಕುಮಾರ್ ಚಿತ್ರಗಳು. ಮರಾಠಿಯಲ್ಲಿ ಸಂತರು, ಕೋಟೆಗಳು. ಎರಡೂ ಗೊತ್ತಿರುವ ನಮ್ಮ ಮಕ್ಕಳಿಗೆ ಯಾವ ಕುರ್ಚಿಯೂ ಪರಕೀಯವಲ್ಲ.

ಕುರ್ಚಿಯವರೆಗಿನ ದಾರಿ

ಅದೃಷ್ಟಕ್ಕೆ ಇಲ್ಲಿ ಜಾಗವೇ ಇಲ್ಲವೇ? ಇದೆ, ಆದರೆ ಕುರ್ಚಿಯವರೆಗೆ ಮಾತ್ರ. ಹಿಂದಿ ಆಟದಲ್ಲಿ ನೋಂದಣಿಯ ದಿನಗಳಲ್ಲಿ ಟಿವಿಯಲ್ಲಿ ಒಂದು ಪ್ರಶ್ನೆ ಕೇಳುತ್ತಾರೆ. ಉತ್ತರ ಕಳಿಸಬೇಕು. ಸರಿ ಉತ್ತರ ಕೊಟ್ಟವರು ಲಕ್ಷಗಟ್ಟಲೆ ಇರುವುದರಿಂದ ಅವರಲ್ಲಿ ಕೆಲವರನ್ನು ಕಂಪ್ಯೂಟರ್ ಆರಿಸುತ್ತದೆ. ಆರಿಸಿದವರಿಗೆ ಫೋನಿನಲ್ಲಿ ಮತ್ತೆ ಪ್ರಶ್ನೆಗಳು. ಅದರಲ್ಲಿ ಪಾಸಾದವರಿಗೆ ಎದುರಾಎದುರು ಪರೀಕ್ಷೆ, ಸಂದರ್ಶನ. ಆಮೇಲೆ ಸ್ಟುಡಿಯೋದಲ್ಲಿ ಇತರ ಸ್ಪರ್ಧಿಗಳ ನಡುವೆ ಬೆರಳಿನ ಓಟ, ಯಾರು ಬೇಗ ಸರಿ ಹೇಳುತ್ತಾರೆ ಎಂದು. ಗೆದ್ದವರಿಗೆ ಕುರ್ಚಿ. ಕುರ್ಚಿ ಸಿಕ್ಕ ಮೇಲೂ ಮೊದಲ ರೂಪಾಯಿಗೆ ಮೊದಲ ಪ್ರಶ್ನೆ.

ಮನೆಯಲ್ಲಿ ಕುಳಿತವರಿಗೂ ಆಗಾಗ ಬಹುಮಾನ ಇಟ್ಟದ್ದುಂಟು. ಅಲ್ಲೂ ಉತ್ತರ ಕಳಿಸಲೇಬೇಕು. 2007ರಲ್ಲಿ ಶಾರುಖ್ ಖಾನ್ ನಡೆಸಿದ ಮೂರನೇ ಆವೃತ್ತಿಯಲ್ಲಿ 'ಹರ್ ಸೀಟ್ ಹಾಟ್ ಸೀಟ್' ಎಂಬ ಎಸ್ಸೆಮ್ಮೆಸ್ ಸ್ಪರ್ಧೆ ಇತ್ತು. ಕಂತಿಗೆ 2 ಲಕ್ಷ ಬಹುಮಾನ, ಒಂದು ಎಸ್ಸೆಮ್ಮೆಸ್ಸಿಗೆ 2 ರೂಪಾಯಿ 40 ಪೈಸೆ. ಜನರ ಎಸ್ಸೆಮ್ಮೆಸ್ ದುಡ್ಡಿನಲ್ಲೇ ಬಹುಮಾನ ಕೊಟ್ಟು ಪುಕ್ಕಟೆ ಎಂಬಂತೆ ತೋರಿಸಿದ್ದಾರೆ ಎಂದು ಗ್ರಾಹಕರ ಸಂಘಟನೆಯೊಂದು ದೂರಿತು. 2008ರಲ್ಲಿ ರಾಷ್ಟ್ರೀಯ ಗ್ರಾಹಕ ಆಯೋಗ ವಾಹಿನಿ ಮತ್ತು ಫೋನ್ ಕಂಪನಿಗೆ ಒಂದು ಕೋಟಿ ರೂಪಾಯಿ ದಂಡ ಹಾಕಿತು. ಸಾಕಷ್ಟು ಸಾಕ್ಷ್ಯವಿಲ್ಲ ಎಂದು ಸುಪ್ರೀಂ ಕೋರ್ಟು 2019ರಲ್ಲಿ ಆ ಆದೇಶವನ್ನು ರದ್ದು ಮಾಡಿತು. ತೀರ್ಪು ಏನೇ ಇರಲಿ, ಬಹುಮಾನದ ರೊಕ್ಕ ಎಲ್ಲಿಂದ ಬರುತ್ತದೆ ಎಂದು ಕೇಳುವ ಹಕ್ಕು ನೋಡುಗನಿಗೆ ಇದೆ ಎಂಬುದಂತೂ ಆಗ ಎಲ್ಲರಿಗೂ ತಿಳಿಯಿತು.

ಗೆದ್ದವರ ಕಥೆ, ಕೈಗೆ ಬಂದ ಲೆಕ್ಕ

2000ದ ಅಕ್ಟೋಬರಿನಲ್ಲಿ ಮುಂಬೈಯ ಹರ್ಷವರ್ಧನ್ ನವಾಥೆ ಮೊದಲ ಕೋಟ್ಯಧಿಪತಿ ಆದರು. ಆಗ ಅವರು ಐಎಎಸ್ ಪರೀಕ್ಷೆಗೆ ಓದುತ್ತಿದ್ದ ಹುಡುಗ. 2011ರಲ್ಲಿ ಬಿಹಾರದ ಮೋತಿಹಾರಿಯ ಸುಶೀಲ್ ಕುಮಾರ್ 5 ಕೋಟಿ ಗೆದ್ದರು. ನರೇಗಾ ಕೆಲಸದಲ್ಲಿ ಕಂಪ್ಯೂಟರ್ ಆಪರೇಟರ್, ಸಂಬಳ ತಿಂಗಳಿಗೆ ಆರು ಸಾವಿರದ ಆಸುಪಾಸು. 1868ರಲ್ಲಿ ನಿಕೋಬಾರ್ ದ್ವೀಪಗಳ ಹಕ್ಕನ್ನು ಬ್ರಿಟಿಷರಿಗೆ ಮಾರಿದ ದೇಶ ಯಾವುದು ಎಂಬ ಪ್ರಶ್ನೆಗೆ ಡೆನ್ಮಾರ್ಕ್ ಎಂದು ಹೇಳಿ ಗೆದ್ದರು. 2019ರಲ್ಲಿ ಅಮರಾವತಿ ಜಿಲ್ಲೆಯ ಬಬಿತಾ ತಾಡೆ, ಶಾಲಾ ಮಕ್ಕಳಿಗೆ ಖಿಚಡಿ ಬೇಯಿಸಿ ತಿಂಗಳಿಗೆ 1,500 ರೂಪಾಯಿ ಪಡೆಯುತ್ತಿದ್ದ ತಾಯಿ, ಒಂದು ಕೋಟಿ ಗೆದ್ದರು.

ಇವರಲ್ಲಿ ಯಾರಿಗೂ ಸಿಮ್ ನಂಬರಿನಿಂದ ರೊಕ್ಕ ಬಂದಿಲ್ಲ. ಓದಿದರು, ಕುಳಿತರು, ಉತ್ತರ ಹೇಳಿದರು.

ಒಂದು ಕೋಟಿ ಗೆದ್ದರೆ ಒಂದು ಕೋಟಿ ಬರುತ್ತದೆಯೇ? ಇಲ್ಲ. ಇಂಥ ಬಹುಮಾನಕ್ಕೆ ಶೇ. 30 ಆದಾಯ ತೆರಿಗೆ, ಅದರ ಮೇಲೆ ಸರ್ಚಾರ್ಜ್ ಮತ್ತು ಸೆಸ್. ಒಟ್ಟು ಮೂರರಲ್ಲಿ ಒಂದು ಪಾಲು ಸರ್ಕಾರಕ್ಕೆ. ಇಲ್ಲಿ ನೆನಪಿಡಬೇಕಾದ ಮಾತು ಇದು: ಆದಾಯ ತೆರಿಗೆಯನ್ನು ಬಹುಮಾನ ಕೊಡುವವರೇ ಮೂಲದಲ್ಲಿ ಮುರಿದುಕೊಂಡು ಉಳಿದದ್ದನ್ನು ಕೊಡುತ್ತಾರೆ. ಗೆದ್ದವರಿಂದ 'ಮೊದಲು ತೆರಿಗೆ ಕಟ್ಟಿ, ಆಮೇಲೆ ಬಹುಮಾನ' ಎಂದು ಯಾವ ಟಿವಿ ಆಟವೂ ಕೇಳುವುದಿಲ್ಲ.

ರೊಕ್ಕ ಬಂದ ಮೇಲಿನ ಪಾಡೂ ಸುಲಭವಲ್ಲ. ಗೆದ್ದ ನಂತರದ ದಿನಗಳೇ ತಮ್ಮ ಬದುಕಿನ ಕೆಟ್ಟ ಕಾಲ ಎಂದು ಸುಶೀಲ್ ಕುಮಾರ್ 2020ರಲ್ಲಿ ಬರೆದುಕೊಂಡರು. ದಾನ ಕೇಳುವವರು, ವ್ಯವಹಾರ ಹೇಳುವವರು ಮುತ್ತಿಕೊಂಡು ಹಲವು ಸಲ ಮೋಸ ಹೋದರಂತೆ. ನಿಜವಾಗಿ ಗೆದ್ದವನನ್ನೇ ಬಿಡದ ಠಕ್ಕರು, ಗೆಲ್ಲದವನನ್ನು ಬಿಟ್ಟಾರೆಯೇ?

ಆ ಫೋನ್ ಕರೆಯ ಒಳಗುಟ್ಟು

ಈಗ ಮೊದಲಿನ ಸಂದೇಶಕ್ಕೆ ಬರೋಣ. ಕರೆ ಮಾಡಿದವರಿಗೆ 'ಮ್ಯಾನೇಜರ್ ಸಾಹೇಬ' ಬಹಳ ಮರ್ಯಾದೆಯಿಂದ ಮಾತಾಡುತ್ತಾನೆ. ಮೊದಲು ನೋಂದಣಿ ಶುಲ್ಕ ಎಂದು ಕೆಲವು ಸಾವಿರ. ಕಟ್ಟಿದ ಮೇಲೆ ಜಿಎಸ್‌ಟಿ. ಅದು ಮುಗಿದರೆ ಆದಾಯ ತೆರಿಗೆ, ಆಮೇಲೆ ಫೈಲು ಮುಂದೆ ಸಾಗಿಸುವ ಖರ್ಚು. ಬಹುಮಾನದ ಮೊತ್ತವೂ 25ರಿಂದ 45 ಲಕ್ಷಕ್ಕೆ ಏರುತ್ತದೆ, ಕೇಳುವ ರೊಕ್ಕವೂ ಏರುತ್ತದೆ. ಯಾರಿಗೂ ಹೇಳಬೇಡಿ, ಹೇಳಿದರೆ ಲಾಟರಿ ರದ್ದಾಗುತ್ತದೆ ಎಂಬ ಎಚ್ಚರಿಕೆ ಬೇರೆ. ಇಂಥ ಕರೆಗಳ ನಂಬರು ಬಹಳ ಸಲ +92ರಿಂದ ಶುರುವಾಗುತ್ತದೆ. ಅದು ನಮ್ಮ ದೇಶದ ಸಂಖ್ಯೆಯೇ ಅಲ್ಲ, ಪಾಕಿಸ್ತಾನದ್ದು. ನಮ್ಮದು +91. ಈ ಮೋಸದ ಬಗ್ಗೆ ದೆಹಲಿ ಪೊಲೀಸರ ಸೈಬರ್ ವಿಭಾಗವೂ ಕೇಂದ್ರ ಗೃಹ ಇಲಾಖೆಯ ಸೈಬರ್ ಘಟಕವೂ ಎಚ್ಚರಿಕೆ ಕೊಟ್ಟಿವೆ.

ಗಡಿ ಭಾಗದ ನಮಗೆ ಇದರಲ್ಲಿ ಒಂದು ಹೆಚ್ಚಿನ ಅಪಾಯವಿದೆ. ಮನೆಯಲ್ಲಿ ಕನ್ನಡ, ಪೇಟೆಯಲ್ಲಿ ಮರಾಠಿ. ಹಿಂದಿ ಅರ್ಧ ತಿಳಿಯುತ್ತದೆ, ಅರ್ಧ ತಿಳಿದಂತೆ ಇರುತ್ತದೆ. 'ಕೆಬಿಸಿ', 'ಲಾಖ್', 'ಬ್ಯಾಂಕ್' ಎಂಬ ಮೂರು ಪದ ಕಿವಿಗೆ ಬಿದ್ದರೆ ಉಳಿದದ್ದನ್ನು ಆಸೆಯೇ ತುಂಬಿಕೊಳ್ಳುತ್ತದೆ. ತಿಳಿಯಲಿಲ್ಲ, ಇನ್ನೊಮ್ಮೆ ಹೇಳಿ ಎನ್ನಲು ನಾಚಿಕೆ. ಠಕ್ಕನಿಗೆ ಬೇಕಾದದ್ದು ಈ ನಾಚಿಕೆಯೇ.

ಹಾಗಾದರೆ ಏನು ಮಾಡಬೇಕು? ಆಟದಲ್ಲಿರುವ ದಾರಿಗಳನ್ನೇ ಬಳಸಿ. ಗೆಳೆಯನಿಗೆ ಫೋನ್ ಮಾಡಿ: ಓದುವ ಮಗನಿಗೋ ಸೊಸೆಗೋ ಆ ಸಂದೇಶ ತೋರಿಸಿ. ಸಭಿಕರ ಮತ ಕೇಳಿ: ಗುಡಿಯ ಕಟ್ಟೆಯ ಮೇಲೆ ನಾಲ್ಕು ಜನರ ಮುಂದೆ ಜೋರಾಗಿ ಹೇಳಿ, ಗುಟ್ಟಾಗಿ ಇಡಬೇಡಿ. ಅನುಮಾನ ಇದ್ದರೆ ಎದ್ದು ಬನ್ನಿ: ಫೋನ್ ಇಟ್ಟುಬಿಡಿ. ಒಟಿಪಿ, ಎಟಿಎಂ ಪಿನ್, ಪಾಸ್‌ಬುಕ್ಕಿನ ಫೋಟೋ ಯಾರಿಗೂ ಕೊಡಬೇಡಿ.

ಈಗಾಗಲೇ ರೊಕ್ಕ ಕಟ್ಟಿದ್ದರೆ ನಾಚಿಕೆಪಟ್ಟು ಕೂರಬೇಡಿ. ಕೂಡಲೇ 1930ಕ್ಕೆ ಕರೆ ಮಾಡಿ. ಅದು ಸೈಬರ್ ಹಣ ವಂಚನೆಗೆ ಇರುವ ರಾಷ್ಟ್ರೀಯ ಸಹಾಯವಾಣಿ. ಬೇಗ ತಿಳಿಸಿದಷ್ಟೂ ಹಣ ಠಕ್ಕನ ಕೈ ಸೇರುವ ಮುಂಚೆ ತಡೆಯುವ ಸಾಧ್ಯತೆ ಹೆಚ್ಚು. ಹತ್ತಿರದ ಠಾಣೆಯಲ್ಲೂ ದೂರು ಕೊಡಿ, ಬ್ಯಾಂಕಿಗೂ ತಿಳಿಸಿ.

ನಿಮಗಿದು ಗೊತ್ತೆ?

* ಇಂಗ್ಲೆಂಡಿನಲ್ಲಿ ಮೊದಲು ಹತ್ತು ಲಕ್ಷ ಪೌಂಡ್ ಗೆದ್ದವರು ಜುಡಿತ್ ಕೆಪ್ಪೆಲ್ ಎಂಬ ಮಹಿಳೆ, 2000ದ ನವೆಂಬರಿನಲ್ಲಿ.

* 2001ರ ಕೆಬಿಸಿ ಜೂನಿಯರ್‌ನಲ್ಲಿ 14 ವರ್ಷದ ರವಿ ಸೈನಿ ಒಂದು ಕೋಟಿ ಗೆದ್ದ. ಮುಂದೆ ಅವರು ಐಪಿಎಸ್ ಅಧಿಕಾರಿಯಾದರು.

* 2005ರ ಎರಡನೇ ಆವೃತ್ತಿಯಲ್ಲಿ ಬಹುಮಾನ 2 ಕೋಟಿಗೆ ಏರಿತು. ಬಚ್ಚನ್ ಅವರ ಅನಾರೋಗ್ಯದಿಂದ ಅದು ನಡುವೆಯೇ ನಿಂತಿತು.

* ವಿಕಾಸ್ ಸ್ವರೂಪ್ ಅವರ ಕಾದಂಬರಿ ಆಧರಿಸಿದ 'ಸ್ಲಂಡಾಗ್ ಮಿಲಿಯನೇರ್' (2008) ಚಿತ್ರದ ಕಥೆ ಇದೇ ಆಟದ ಸುತ್ತ. ಅದಕ್ಕೆ 8 ಆಸ್ಕರ್ ಬಂದವು.

* ಆಟದ ಹಕ್ಕನ್ನು ಹೊಂದಿದ್ದ ಕಂಪನಿಯನ್ನು ಸೋನಿ 2008ರಲ್ಲಿ ಕೊಂಡುಕೊಂಡಿತು. 2010ರಲ್ಲಿ ಹಿಂದಿ ಆಟವೂ ಸ್ಟಾರ್ ಬಿಟ್ಟು ಸೋನಿ ವಾಹಿನಿಗೆ ಬಂತು.

* 2014ರಲ್ಲಿ ಅಚಿನ್ ಮತ್ತು ಸಾರ್ಥಕ್ ನರೂಲಾ ಎಂಬ ಅಣ್ಣತಮ್ಮಂದಿರು ಜೊತೆಯಾಗಿ ಆಡಿ 7 ಕೋಟಿ ಗೆದ್ದರು.

* 2018ರಿಂದ ಇಂಗ್ಲೆಂಡಿನ ಆಟದಲ್ಲಿ ನಿರೂಪಕನನ್ನೇ ಉತ್ತರ ಕೇಳುವ ಹೊಸ ಲೈಫ್‌ಲೈನ್ ಬಂತು. ನಿರೂಪಕನಿಗೂ ಉತ್ತರ ಮೊದಲೇ ಗೊತ್ತಿರುವುದಿಲ್ಲ, ಅದಕ್ಕೇ ಅದು ನಡೆಯುತ್ತದೆ.

2025ರಲ್ಲಿ ಕೆಬಿಸಿಗೆ 25 ವರ್ಷ ತುಂಬಿತು, ಅದೇ ಆಗಸ್ಟ್‌ನಲ್ಲಿ 17ನೇ ಆವೃತ್ತಿ ಶುರುವಾಯಿತು. ಕಾಲು ಶತಮಾನದಲ್ಲಿ ಬಹುಮಾನ ಬದಲಾಯಿತು, ವಾಹಿನಿ ಬದಲಾಯಿತು, ಲೈಫ್‌ಲೈನ್ ಬದಲಾದವು. ಬದಲಾಗದ್ದು ಒಂದೇ: ಪ್ರತಿ ರೂಪಾಯಿಯ ಹಿಂದೆ ಒಂದು ಪ್ರಶ್ನೆ. ಪ್ರಶ್ನೆ ಕೇಳದೆ ರೊಕ್ಕ ಕೊಡುತ್ತೇನೆ ಎಂದು ಯಾರಾದರೂ ಫೋನ್ ಮಾಡಿದರೆ, ಈ ಸಲ ಪ್ರಶ್ನೆ ನೀವೇ ಕೇಳಿ: ನಾನು ಯಾವ ಪ್ರಶ್ನೆಗೆ ಉತ್ತರ ಹೇಳಿದೆ ಸ್ವಾಮಿ?

ಆ ಕಡೆ ಫೋನ್ ಕಟ್ ಆಗುತ್ತದೆ.